ಟೆನಿಸ್ ಎಂಬ ಹೆಸರಿನ ಟೇಕ್ವಾಂಡೋ ಹುಡುಗಿ

2021ರ ಜುಲೈ 24ರ ಶನಿವಾರ ನಿಮಗೆ ನೆನಪಿರಬೇಕು. ಟೋಕಿಯೋ ಒಲಿಂಪಿಕ್ಸ್ ಶುರುವಾದ ಮರುದಿನವೇ ಮಣಿಪುರದ ಮೀರಾಬಾಯಿ ಚಾನು 49 ಕಿಲೋ ವೇಟ್‌ಲಿಫ್ಟಿಂಗ್‌ನಲ್ಲಿ ಬೆಳ್ಳಿ ಗೆದ್ದ ದಿನ ಅದು. ನಾವೆಲ್ಲ ಆ ಸಂಭ್ರಮದಲ್ಲಿ ಮುಳುಗಿದ್ದೆವು. ಅದೇ ದಿನ ರಾತ್ರಿ, ಟೋಕಿಯೋ ಪಕ್ಕದ ಚಿಬಾದಲ್ಲಿರುವ ಮಕುಹಾರಿ ಮೆಸ್ಸೆ ಎಂಬ ದೊಡ್ಡ ಸಭಾಂಗಣದಲ್ಲಿ ಇನ್ನೊಬ್ಬಳು ಹುಡುಗಿ ಕಣಕ್ಕಿಳಿದಿದ್ದಳು. ಅವಳದ್ದೂ 49 ಕಿಲೋ ವಿಭಾಗವೇ. ಆಟ ಮಾತ್ರ ಬೇರೆ, ದೇಶವೂ ಬೇರೆ. ಎದುರಾಳಿ 10, ಇವಳು 9. ಗಡಿಯಾರದಲ್ಲಿ ಉಳಿದಿದ್ದದ್ದು ಏಳೆಂಟು ಸೆಕೆಂಡು!

ಆಕೆಯ ಹೆಸರು ಪಾನಿಪಾಕ್ ವೊಂಗ್‌ಪತ್ತನಕಿತ್. ಥಾಯ್ಲೆಂಡಿನವಳು. ಮೈಕಿನ ಮುಂದೆ ಕುಳಿತು ಕೆಲಸ ಮಾಡುವ ನಮ್ಮಂಥವರಿಗೆ ಥಾಯ್ ಹೆಸರು ಕಂಡರೆ ಎದೆ ಒಂದು ಕ್ಷಣ ನಿಂತ ಹಾಗಾಗುತ್ತದೆ. ಆದರೆ ಸ್ವಲ್ಪ ಬಿಡಿಸಿ ನೋಡಿದರೆ ಹೆದರಬೇಕಾದ್ದೇನೂ ಇಲ್ಲ. 'ವೊಂಗ್' ಎಂದರೆ ನಮ್ಮ ವಂಶವೇ. 'ಪತ್ತನ' ಎಂದರೆ ವರ್ಧನ. 'ಕಿತ್' ಎಂದರೆ ಕೃತ್ಯ, ಪಾಳಿಯಲ್ಲಿ ಕಿಚ್ಚ. ಒಟ್ಟಿನಲ್ಲಿ 'ವಂಶವರ್ಧನಕೃತ್ಯ' ಎಂಬ, ಯಾವುದೋ ಹಳೆಯ ಶಾಸನದಲ್ಲಿ ಸಿಗಬಹುದಾದಂಥ ಮನೆತನದ ಹೆಸರು. ಸಂಸ್ಕೃತ ಮತ್ತು ಪಾಳಿಯ ಮಾತುಗಳು ಥಾಯ್ ನಾಲಿಗೆಯ ಮೇಲೆ ಉರುಳಿ ಉರುಳಿ ನುಣ್ಣಗಾಗಿವೆ, ಅಷ್ಟೆ.

ಅಲ್ಲಿ ಮನೆತನದ ಹೆಸರಿಟ್ಟುಕೊಳ್ಳುವ ಪದ್ಧತಿ ಬಹಳ ಹಳೆಯದೇನಲ್ಲ. ಆರನೆಯ ರಾಮ ಎಂದು ಕರೆಯಲ್ಪಡುವ ದೊರೆ ವಜಿರಾವುಧ 1913ರಲ್ಲಿ ಕಾನೂನು ಮಾಡಿ, ಪ್ರಜೆಗಳೆಲ್ಲ ಮನೆತನದ ಹೆಸರು ಇಟ್ಟುಕೊಳ್ಳಬೇಕೆಂದು ವಿಧಿಸಿದ. ಹೆಸರುಗಳು ಉದ್ದವಾದವು. ದಿನನಿತ್ಯ ಕರೆಯಲು ಚುಟುಕಾದ ಅಡ್ಡಹೆಸರು ಮನೆಮನೆಯಲ್ಲೂ ಬಳಕೆಯಲ್ಲಿದೆ. ಪಾನಿಪಾಕ್‌ಗೆ ಮನೆಯವರು ಇಟ್ಟ ಅಡ್ಡಹೆಸರು ಟೆನಿಸ್! ಅಕ್ಕನ ಹೆಸರು ಬೌಲಿಂಗ್, ಅಣ್ಣನ ಹೆಸರು ಬೇಸ್‌ಬಾಲ್. ಆಟದ ಹುಚ್ಚು ಈ ಮನೆಯಲ್ಲಿ ಎಷ್ಟಿತ್ತೆಂಬುದಕ್ಕೆ ಬೇರೆ ಸಾಕ್ಷಿ ಬೇಡ. ಇಡೀ ಥಾಯ್ಲೆಂಡ್ ಇಂದಿಗೂ ಆಕೆಯನ್ನು 'ನೋಂಗ್ ಟೆನಿಸ್' ಎಂದೇ ಕರೆಯುತ್ತದೆ. 'ನೋಂಗ್' ಎಂದರೆ ತಂಗಿ ಅಥವಾ ತಮ್ಮ. ಟೆನಿಸ್ ಎಂಬ ಹೆಸರಿನವಳು ಟೇಕ್ವಾಂಡೋದಲ್ಲಿ ಜಗತ್ತನ್ನು ಗೆದ್ದಳು ಎಂದರೆ ಯಾರಿಗಾದರೂ ನಗು ಬರುತ್ತದೆ. ಅದು ಆಕೆಗೂ ಗೊತ್ತಿದ್ದೀತು.

ಹುಟ್ಟಿದ್ದು 1997ರ ಆಗಸ್ಟ್ 8ರಂದು. ಊರು ದಕ್ಷಿಣ ಥಾಯ್ಲೆಂಡಿನ ಸೂರತ್ ಥಾನಿ. ಮುಂಬೈ, ಪುಣೆಯ ಕಡೆಯ ನಮ್ಮ ಕೇಳುಗರಿಗೆ ಈ ಹೆಸರು ಎಲ್ಲೋ ಕೇಳಿದ ಹಾಗಿದೆಯಲ್ಲ ಅನಿಸಿದರೆ ಅದು ಸರಿಯೇ. ಮೇಲೆ ಹೇಳಿದ ಅದೇ ವಜಿರಾವುಧ ದೊರೆ 1915ರಲ್ಲಿ ಈ ಊರಿಗೆ ಗುಜರಾತಿನ ಸೂರತ್ ನಗರದ ಹೆಸರನ್ನು ಇಟ್ಟ. ನಮ್ಮ ಸೂರತ್ ತಾಪಿ ನದಿಯ ದಡದಲ್ಲಿದೆ. ಅಲ್ಲಿಯೂ ಊರಿನ ಪಕ್ಕ ನದಿ ಹರಿಯುತ್ತಿತ್ತು. ಅದಕ್ಕೂ ತಾಪಿ ಎಂದೇ ಹೆಸರಾಯಿತು. ಹೀಗೆ ಎರಡು ದೇಶಗಳಲ್ಲಿ ಎರಡು ಸೂರತ್, ಎರಡು ತಾಪಿ.

ಥಾಯ್ಲೆಂಡ್ ಎಂದರೆ ಕಾಲು ಎತ್ತಿ ಹೊಡೆಯುವ ವಿದ್ಯೆಗೆ ತವರುಮನೆ. ಮುವಾಯ್ ಥಾಯ್ ಅವರ ನೆಲದ ಆಟ, ಹಳ್ಳಿಯ ಜಾತ್ರೆಯಿಂದ ಬ್ಯಾಂಕಾಕ್‌ನ ದೊಡ್ಡ ಅಖಾಡದವರೆಗೆ ಅದರದ್ದೇ ರಾಜ್ಯ. ಟೇಕ್ವಾಂಡೋ ಅಲ್ಲಿಗೆ ಬಂದದ್ದು 1960ರ ದಶಕದಲ್ಲಿ, ಕೊರಿಯಾದ ಗುರುಗಳ ಮೂಲಕ. ಅತಿಥಿಯಾಗಿ ಬಂದದ್ದು, ಬಹುಕಾಲ ಅತಿಥಿಯಾಗಿಯೇ ಉಳಿಯಿತು. 1988ರ ಸೋಲ್ ಒಲಿಂಪಿಕ್ಸ್‌ನಲ್ಲಿ ಟೇಕ್ವಾಂಡೋ ಪ್ರದರ್ಶನದ ಆಟವಾಗಿತ್ತು. ಪೂರ್ಣ ಪ್ರಮಾಣದ ಪದಕದ ಆಟವಾದದ್ದು 2000ದ ಸಿಡ್ನಿಯಲ್ಲಿ. ಅಲ್ಲಿಯವರೆಗೆ ಒಲಿಂಪಿಕ್ಸ್‌ನಲ್ಲಿ ಥಾಯ್ಲೆಂಡಿಗೆ ಗೊತ್ತಿದ್ದ ಚಿನ್ನವೆಲ್ಲ ಬಾಕ್ಸಿಂಗ್‌ನದ್ದು. 1996ರ ಅಟ್ಲಾಂಟಾದಲ್ಲಿ ಸೋಮ್‌ಲಕ್ ಕಾಮ್‌ಸಿಂಗ್ ಗೆದ್ದದ್ದು ಆ ದೇಶದ ಮೊದಲ ಚಿನ್ನ. ಆಮೇಲೆ ಹೆಣ್ಣುಮಕ್ಕಳ ವೇಟ್‌ಲಿಫ್ಟಿಂಗ್‌ನಿಂದಲೂ ಚಿನ್ನ ಬಂತು. ಟೋಕಿಯೋಗೆ ಹೋಗುವ ಮುನ್ನ ಒಟ್ಟು 9 ಚಿನ್ನ, ಒಂಬತ್ತೂ ಈ ಎರಡು ಆಟಗಳಿಂದಲೇ.

ಟೇಕ್ವಾಂಡೋದ ಕಥೆ ತಿರುಗಿದ್ದು 2002ರಲ್ಲಿ. ಆ ವರ್ಷ ಚೋಯ್ ಯಂಗ್ ಸೋಕ್ ಎಂಬ ಕೊರಿಯಾದ ತರಬೇತುದಾರರು ಥಾಯ್ ತಂಡಕ್ಕೆ ಬಂದರು. ಥಾಯ್ ಜನರ ಬಾಯಲ್ಲಿ ಅವರು 'ಕೋಚ್ ಚೇ'. ಬಂದ ಎರಡೇ ವರ್ಷಕ್ಕೆ, 2004ರ ಅಥೆನ್ಸ್‌ನಲ್ಲಿ ಯಾವೊವಪಾ ಬುರಪೊಲ್‌ಚಾಯ್ ಕಂಚು ಗೆದ್ದಳು. ಅದು ಥಾಯ್ಲೆಂಡಿನ ಮೊದಲ ಟೇಕ್ವಾಂಡೋ ಪದಕ. 2008ರ ಬೀಜಿಂಗ್‌ನಲ್ಲಿ ಬುತ್ರಿ ಪುದ್‌ಪೊಂಗ್ ಬೆಳ್ಳಿ ಗೆದ್ದಳು. 'ಬುತ್ರಿ' ಎಂದರೆ ನಮ್ಮ ಪುತ್ರಿಯೇ ನೋಡಿ! 2012ರ ಲಂಡನ್‌ನಲ್ಲಿ ಚನಾತಿಪ್ ಸೊನ್‌ಖಾಮ್‌ಗೆ ಕಂಚು. 'ಚನಾತಿಪ್' ಅಂದರೆ ಜನಾಧಿಪ. ಮೂವರೂ ಹೆಣ್ಣುಮಕ್ಕಳು, ಮೂರೂ ಪದಕ 49 ಕಿಲೋ ವಿಭಾಗದಲ್ಲೇ ಬಂದವು. ಒಂದು ತೂಕದ ವಿಭಾಗವನ್ನು ಒಂದು ದೇಶ ಹೀಗೆ ಹಿಡಿದುಕೊಂಡು ಕೂತದ್ದು ಅಪರೂಪ. ಆದರೆ ಬೇಕಾಗಿದ್ದದ್ದು ಸಿಕ್ಕಿರಲಿಲ್ಲ. ಬೀಜಿಂಗ್‌ನ ಫೈನಲ್‌ನಲ್ಲಿ ಬುತ್ರಿಯನ್ನು ಸೋಲಿಸಿದವಳು ಚೀನಾದ ವು ಜಿಂಗ್‌ಯು. ಲಂಡನ್ನಿನ ಚಿನ್ನವೂ ಅವಳ ಪಾಲಾಯಿತು.

ಇಂಥ ಮನೆಗೆ ಕಿರಿಯವಳಾಗಿ ಬಂದು ಸೇರಿದವಳು ಪಾನಿಪಾಕ್. ಸಣಕಲು ದೇಹ, ಉದ್ದನೆಯ ಕಾಲು. 2014ರ ಆಗಸ್ಟ್‌ನಲ್ಲಿ, ಆಗಷ್ಟೇ 17 ತುಂಬಿದ್ದ ಹುಡುಗಿ ಚೀನಾದ ನಾನ್‌ಜಿಂಗ್‌ನಲ್ಲಿ ನಡೆದ ಯುವ ಒಲಿಂಪಿಕ್ಸ್‌ನ 44 ಕಿಲೋ ವಿಭಾಗದಲ್ಲಿ ಚಿನ್ನ ಗೆದ್ದಳು. ಅದೇ ವರ್ಷ ಇಂಚಾನ್ ಏಷ್ಯನ್ ಕ್ರೀಡಾಕೂಟದಲ್ಲಿ ದೊಡ್ಡವರ ಜೊತೆ ಸೆಣಸಿ ಕಂಚು ತಂದಳು. 2015ರ ಮೇ ತಿಂಗಳಲ್ಲಿ ರಷ್ಯಾದ ಚೆಲ್ಯಾಬಿನ್‌ಸ್ಕ್‌ನಲ್ಲಿ (2013ರಲ್ಲಿ ಉಲ್ಕೆ ಸಿಡಿದು ಸುದ್ದಿಯಾಗಿದ್ದ ಊರು) ವಿಶ್ವ ಚಾಂಪಿಯನ್‌ಷಿಪ್ ನಡೆಯಿತು. ಅಲ್ಲಿ 46 ಕಿಲೋ ವಿಭಾಗದ ಚಿನ್ನ ಈಕೆಯದ್ದಾಯಿತು. ಹದಿನೇಳು ದಾಟುವ ಮೊದಲೇ ವಿಶ್ವ ಚಾಂಪಿಯನ್!

ಇಲ್ಲೊಂದು ಸಣ್ಣ ಲೆಕ್ಕವಿದೆ. ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಮಹಿಳೆಯರಿಗೆ ಎಂಟು ತೂಕದ ವಿಭಾಗಗಳು. ಒಲಿಂಪಿಕ್ಸ್‌ನಲ್ಲಿ ನಾಲ್ಕೇ. ಅಲ್ಲಿ ಎಲ್ಲಕ್ಕಿಂತ ಹಗುರವಾದದ್ದೇ 49 ಕಿಲೋ. ಹಾಗಾಗಿ 46ರಲ್ಲಿ ರಾಣಿಯಾದವಳು ಒಲಿಂಪಿಕ್ಸ್ ಬೇಕೆಂದರೆ ಮೂರು ಕಿಲೋ ಮೇಲೇರಿ, ತನಗಿಂತ ಗಟ್ಟಿಯಾದವರ ಎದುರು ನಿಲ್ಲಬೇಕು. ಬೇಳೆಕಾಳು ತೂಗುವಾಗ ಮೂರು ಕಿಲೋ ದೊಡ್ಡದಲ್ಲ. ಐವತ್ತು ಕಿಲೋಗಿಂತ ಕಡಿಮೆ ಇರುವ ದೇಹಕ್ಕೆ ಅದು ಬಹಳ.

ಚೋಯ್ ಅವರ ಬಗ್ಗೆ ಒಂದು ಮಾತನ್ನು ಇಲ್ಲಿ ಹೇಳದೆ ಮುಂದೆ ಹೋಗುವುದು ಸರಿಯಲ್ಲ. 2014ರ ಜುಲೈಯಲ್ಲಿ ಕೊರಿಯಾದ ಪಂದ್ಯಾವಳಿಯೊಂದರ ವೇಳೆ ಕೋಚ್ ತನ್ನ ಮೇಲೆ ಕೈ ಮಾಡಿದರೆಂದು ಥಾಯ್ ತಂಡದ ಒಬ್ಬ ಸ್ಪರ್ಧಿ ಬಹಿರಂಗವಾಗಿ ದೂರಿದಳು. ದೇಶದಲ್ಲಿ ದೊಡ್ಡ ಗದ್ದಲವಾಯಿತು. ಚೋಯ್ ಕ್ಷಮೆ ಕೇಳಿದರು, ಕೆಲಸದಲ್ಲಿ ಮುಂದುವರಿದರು. ಅನೇಕ ಆಟಗಾರರು ಅವರ ಪರ ನಿಂತರು. ಗುರು ಹೊಡೆದರೆ ತಪ್ಪೇನು ಎನ್ನುವ ಮಾತು ನಮ್ಮಲ್ಲೂ ಇದೆ, ಅಲ್ಲೂ ಇದೆ. ಪದಕ ಬಂದ ಮೇಲೆ ಇಂಥ ಪ್ರಶ್ನೆಗಳನ್ನು ಯಾರೂ ಎತ್ತುವುದಿಲ್ಲ. ಆದರೆ ಪದಕ ಅದಕ್ಕೆ ಉತ್ತರವಾಗುವುದಿಲ್ಲ ಎಂದು ನನ್ನ ಭಾವನೆ. ಅದೇ ಚೋಯ್, ಎರಡು ದಶಕ ಕಳೆದ ಮೇಲೆ, 2022ರಲ್ಲಿ ಥಾಯ್ ಪೌರತ್ವ ಪಡೆದು ಆ ದೇಶದವರೇ ಆದರು.

ಈಗ ರಿಯೋಗೆ ಬರೋಣ. 2016ರ ಆಗಸ್ಟ್ 17. ಪಾನಿಪಾಕ್‌ಗೆ 19 ತುಂಬಿ ಒಂಬತ್ತು ದಿನ. ಕ್ವಾರ್ಟರ್ ಫೈನಲ್‌ನಲ್ಲಿ ಎದುರಾದವಳು ಕೊರಿಯಾದ ಕಿಮ್ ಸೋ ಹೀ. ಆಟದ ತವರಿನ ಹುಡುಗಿ. ಥಾಯ್ ಹುಡುಗಿಯ ಬೆನ್ನಿಗೆ ಕುರ್ಚಿ ಹಾಕಿ ಕೂತಿದ್ದ ಕೋಚ್ ಕೂಡ ಕೊರಿಯಾದವರೇ! ಆಗಿನ ನಿಯಮದಂತೆ ಎದೆಗವಚಕ್ಕೆ ಒದ್ದರೆ ಒಂದು ಅಂಕ, ತಲೆಗೆ ಒದ್ದರೆ ಮೂರು. ಕವಚದೊಳಗೆ, ಶಿರಸ್ತ್ರಾಣದೊಳಗೆ ಎಲೆಕ್ಟ್ರಾನಿಕ್ ಯಂತ್ರ ಇಟ್ಟಿರುತ್ತಾರೆ. ಪೆಟ್ಟು ಸರಿಯಾಗಿ ಬಿದ್ದರೆ ಅಂಕ ತಾನಾಗಿ ಫಲಕದ ಮೇಲೆ ಮೂಡುತ್ತದೆ. ಕೊನೆಯ ಸುತ್ತಿನಲ್ಲಿ ಪಾನಿಪಾಕ್ ಮುಂದಿದ್ದಳು. ಇನ್ನೇನು ಗಂಟೆ ಬಾರಿಸಬೇಕು ಎನ್ನುವ ಹೊತ್ತಿಗೆ ಕಿಮ್‌ಳ ಕಾಲು ಮೇಲೆದ್ದು ತಲೆಗೆ ತಾಗಿತು. ಮೂರು ಅಂಕ. ಪಂದ್ಯ ಮುಗಿದಾಗ ಕಿಮ್ 6, ಪಾನಿಪಾಕ್ 5.

ಕಿಮ್ ಅಲ್ಲಿಂದ ಮುಂದೆ ಹೋಗಿ ಚಿನ್ನವನ್ನೇ ಗೆದ್ದಳು, ಫೈನಲ್‌ನಲ್ಲೂ ಒಂದೇ ಅಂಕದ ಅಂತರ. ಟೇಕ್ವಾಂಡೋದಲ್ಲಿ ಒಂದು ವಿಶೇಷ ಪದ್ಧತಿ ಇದೆ. ಫೈನಲ್ ತಲುಪಿದವರ ಕೈಯಲ್ಲಿ ಸೋತವರಿಗೆ ಕಂಚಿಗಾಗಿ ಸೆಣಸಲು ಇನ್ನೊಂದು ಅವಕಾಶ ಸಿಗುತ್ತದೆ. ಆ ಬಾಗಿಲಿನಿಂದ ಒಳಬಂದು ಪಾನಿಪಾಕ್ ಕಂಚು ಗೆದ್ದಳು. ಅದೇ ದಿನ ಆಕೆಯ ತಂಡದ ತಾವಿನ್ ಹನ್‌ಪ್ರಾಬ್ ಪುರುಷರ 58 ಕಿಲೋ ವಿಭಾಗದಲ್ಲಿ ಬೆಳ್ಳಿ ಗೆದ್ದ. ಥಾಯ್ಲೆಂಡಿಗೆ ಅದು ಒಳ್ಳೆಯ ದಿನ. ಆದರೆ ವಿಶ್ವ ಚಾಂಪಿಯನ್ ಆಗಿ ಬಂದವಳಿಗೆ, ಗೆದ್ದ ಪಂದ್ಯವನ್ನು ಕೊನೆಯ ಗಳಿಗೆಯಲ್ಲಿ ಕಳೆದುಕೊಂಡವಳಿಗೆ, ಆ ಕಂಚು ಎಷ್ಟು ರುಚಿಸಿದ್ದೀತು?

ನಂತರದ ನಾಲ್ಕೈದು ವರ್ಷ ಆಕೆ 49 ಕಿಲೋದಲ್ಲಿ ಬೇರೂರಿದ ವರ್ಷಗಳು. 2018ರ ಜಕಾರ್ತಾ ಏಷ್ಯನ್ ಕ್ರೀಡಾಕೂಟದಲ್ಲಿ ಚಿನ್ನ. 2019ರಲ್ಲಿ ಇಂಗ್ಲೆಂಡಿನ ಮ್ಯಾಂಚೆಸ್ಟರ್‌ನಲ್ಲಿ ಎರಡನೆಯ ವಿಶ್ವ ಚಾಂಪಿಯನ್ ಪಟ್ಟ, ಈ ಸಲ 49ರಲ್ಲಿ. ಜೊತೆಗೆ ಹಲವು ಗ್ರ್ಯಾಂಡ್ ಪ್ರೀ ಪ್ರಶಸ್ತಿಗಳು, ಆಗ್ನೇಯ ಏಷ್ಯಾ ಕ್ರೀಡಾಕೂಟದ ಚಿನ್ನಗಳು, ವಿಭಾಗದಲ್ಲಿ ವಿಶ್ವದ ಒಂದನೆಯ ಸ್ಥಾನ. ಟೋಕಿಯೋದಲ್ಲಿ ಈಕೆಯೇ ಗೆಲ್ಲಬೇಕೆಂದು ಎಲ್ಲರೂ ಬರೆದಿಟ್ಟಿದ್ದರು. ಅಷ್ಟರಲ್ಲಿ ಕೊರೋನಾ ಬಂತು. ಒಲಿಂಪಿಕ್ಸ್ ಒಂದು ವರ್ಷ ಮುಂದಕ್ಕೆ ಹೋಯಿತು.

ಥಾಯ್ಲೆಂಡಿನ ಮೇಲೆ ಆಗ ಇನ್ನೊಂದು ಕರಿನೆರಳೂ ಇತ್ತು. ಉದ್ದೀಪನ ಮದ್ದಿನ ಪ್ರಕರಣಗಳಿಂದಾಗಿ ಆ ದೇಶದ ವೇಟ್‌ಲಿಫ್ಟರ್‌ಗಳಿಗೆ ಟೋಕಿಯೋ ಬಾಗಿಲು ಮುಚ್ಚಿತ್ತು. ರಿಯೋದಲ್ಲಿ ಎರಡು ಚಿನ್ನ ಕೊಟ್ಟ ಆಟವೇ ಇಲ್ಲವೆಂದ ಮೇಲೆ ಭಾರವೆಲ್ಲ ಬಿದ್ದದ್ದು ಈ ಸಣಕಲು ಹುಡುಗಿಯ ಹೆಗಲ ಮೇಲೆ.

ಫೈನಲ್‌ನಲ್ಲಿ ಎದುರಿಗೆ ನಿಂತವಳು ಸ್ಪೇನ್‌ನ ಆಡ್ರಿಯಾನಾ ಸೆರೆಸೊ ಇಗ್ಲೇಸಿಯಾಸ್. ವಯಸ್ಸು 17. ಪಾನಿಪಾಕ್ ತಾನು ಮೊದಲ ಸಲ ವಿಶ್ವ ಚಾಂಪಿಯನ್ ಆದಾಗ ಇದ್ದ ವಯಸ್ಸೇ. ಆ ಹುಡುಗಿ ಅಂದು ಯಾರನ್ನು ಸೋಲಿಸಿ ಬಂದಿದ್ದಳು ಗೊತ್ತೇ? ತಾಯಿಯಾದ ಮೇಲೆ ಮತ್ತೆ ಕಣಕ್ಕೆ ಮರಳಿದ್ದ ವು ಜಿಂಗ್‌ಯುವನ್ನು! ಎರಡು ಚಿನ್ನದ ಒಡತಿಯನ್ನು 33–2 ಅಂಕಗಳಿಂದ. ಥಾಯ್ ಹುಡುಗಿಯರ ದಾರಿಗೆ ಅಡ್ಡ ನಿಂತಿದ್ದ ಹೆಸರನ್ನು ಸ್ಪೇನಿನ ಶಾಲಾಬಾಲಕಿಯೊಬ್ಬಳು ಒಂದೇ ಪಂದ್ಯದಲ್ಲಿ ಸರಿಸಿ ಹಾಕಿದ್ದಳು. ಇತ್ತ ಪಾನಿಪಾಕ್ ಸೆಮಿಫೈನಲ್‌ನಲ್ಲಿ ಆತಿಥೇಯ ಜಪಾನಿನ ಮಿಯು ಯಮಾದಾಳನ್ನು ಸೋಲಿಸಿ ಬಂದಿದ್ದಳು.

ಪಂದ್ಯ ಎರಡು ನಿಮಿಷಗಳ ಮೂರು ಸುತ್ತು. ರಿಯೋ ನಂತರ ನಿಯಮ ಬದಲಾಗಿತ್ತು, ಎದೆಗವಚಕ್ಕೆ ಬಿದ್ದ ಒದೆಗೆ ಒಂದರ ಬದಲು ಎರಡು ಅಂಕ. ಈ ಒಂದು ಬದಲಾವಣೆಯನ್ನು ನೆನಪಿಟ್ಟುಕೊಳ್ಳಿ. ಮೂರನೆಯ ಸುತ್ತಿನ ಕೊನೆಯಲ್ಲಿ ಸೆರೆಸೊ 10–9ರಿಂದ ಮುಂದಿದ್ದಳು. ಪ್ರೇಕ್ಷಕರೇ ಇಲ್ಲದ ಸಭಾಂಗಣ, ಕೋಚ್‌ಗಳ ಕೂಗು ಮಾತ್ರ. ರಿಯೋದಲ್ಲಿ ಏನಾಗಿತ್ತೋ ಅದೇ ಹೊತ್ತು, ಆದರೆ ಈ ಸಲ ಹಿಂದಿದ್ದವಳು ಪಾನಿಪಾಕ್. ಕಾಲು ಹೋಯಿತು. ಕವಚಕ್ಕೆ ತಾಗಿತು. ಎರಡು ಅಂಕ. 11–10. ಉಳಿದ ಸೆಕೆಂಡುಗಳಲ್ಲಿ ಸೆರೆಸೊ ಎಷ್ಟು ಪ್ರಯತ್ನಿಸಿದರೂ ಲೆಕ್ಕ ಬದಲಾಗಲಿಲ್ಲ.

ಹಳೆಯ ನಿಯಮವೇ ಇದ್ದಿದ್ದರೆ ಆ ಒದೆಗೆ ಒಂದೇ ಅಂಕ ಬರುತ್ತಿತ್ತು. ಅಂಕ ಸಮವಾಗಿ ಪಂದ್ಯ ಇನ್ನೂ ಮುಂದೆ ಹೋಗಬೇಕಿತ್ತು. ಪಂದ್ಯದ ಉದ್ದಕ್ಕೂ ಬಿದ್ದ ಒದೆಗಳ ಲೆಕ್ಕವೂ ಬೇರೆಯಾಗುತ್ತಿತ್ತು, ಹಾಗಾಗಿ ಈ 'ಇದ್ದಿದ್ದರೆ'ಗೆ ಅರ್ಥವಿಲ್ಲ ಎಂದು ಯಾರಾದರೂ ವಾದಿಸಬಹುದು. ಒಪ್ಪುತ್ತೇನೆ. ಆದರೂ ಆಟದ ಇತಿಹಾಸ ಓದುವಾಗ ನಿಯಮದ ಪುಸ್ತಕವನ್ನೂ ಪಕ್ಕದಲ್ಲಿ ಇಟ್ಟುಕೊಂಡಿರಬೇಕು. ಪದಕದ ಪಟ್ಟಿಯಲ್ಲಿ ಇವೆಲ್ಲ ಕಾಣುವುದಿಲ್ಲ.

ಟೇಕ್ವಾಂಡೋದಲ್ಲಿ ಥಾಯ್ಲೆಂಡಿನ ಮೊದಲ ಒಲಿಂಪಿಕ್ ಚಿನ್ನ ಅದು. ದೇಶದ ಹತ್ತನೆಯದು. ಬಾಕ್ಸಿಂಗ್ ಮತ್ತು ವೇಟ್‌ಲಿಫ್ಟಿಂಗ್ ಬಿಟ್ಟು ಬೇರೆ ಆಟದಲ್ಲಿ ಬಂದ ಮೊದಲನೆಯದು. ಹದಿನೇಳು ವರ್ಷಗಳ ಹಿಂದೆ ಯಾವೊವಪಾ ಹಾಕಿದ ಮೊದಲ ಮೆಟ್ಟಿಲಿನ ಮೇಲೆ ಐದನೆಯವಳಾಗದೆ, ನಾಲ್ಕನೆಯವಳೇ ಮತ್ತೊಮ್ಮೆ ಬಂದು ಮೇಲೇರಿದ್ದಳು. ಆದರೆ ಅದು ಮೆರವಣಿಗೆಯ ಕಾಲವಲ್ಲ. ಥಾಯ್ಲೆಂಡಿನಲ್ಲಿ ಸೋಂಕು ಏರುತ್ತಿದ್ದ ದಿನಗಳು. ವಿದೇಶಿ ಪ್ರವಾಸಿಗರಿಗಾಗಿ ಆಗಷ್ಟೇ ತೆರೆದಿದ್ದ ಫುಕೆಟ್ ದ್ವೀಪದಲ್ಲಿ ಚಾಂಪಿಯನ್ ಬಂದಿಳಿದಳು, ನಿಯಮದಂತೆ ಅಲ್ಲಿಯೇ ಉಳಿಯಬೇಕಾಯಿತು. ದೇಶ ಟಿವಿಯಲ್ಲಿ ನೋಡಿ ಕುಣಿಯಿತು.

ಅದೇ ಮಕುಹಾರಿ ಮೆಸ್ಸೆಯಲ್ಲಿ ಆರು ವಾರದೊಳಗೆ ಪ್ಯಾರಾಲಿಂಪಿಕ್ಸ್‌ನ ಟೇಕ್ವಾಂಡೋ ನಡೆದಾಗ ನಮ್ಮ ಹರಿಯಾಣದ ಅರುಣಾ ತನ್ವರ್ ಕಣಕ್ಕಿಳಿದಳು. ಅವಳದ್ದೂ 49 ಕಿಲೋ ವಿಭಾಗ. ಪದಕ ಬರಲಿಲ್ಲ. ಪ್ಯಾರಾಲಿಂಪಿಕ್ಸ್‌ನ ಟೇಕ್ವಾಂಡೋದಲ್ಲಿ ಭಾರತದಿಂದ ಆಡಿದ ಮೊದಲಿಗಳು ಅವಳು ಎಂಬುದನ್ನು ನಾವು ಮರೆಯಬಾರದು.

2023ರ ಸೆಪ್ಟೆಂಬರ್‌ನಲ್ಲಿ ಹಾಂಗ್‌ಝೌ ಏಷ್ಯನ್ ಕ್ರೀಡಾಕೂಟ. ಅಲ್ಲಿ ಮತ್ತೆ ಚಿನ್ನ, ಚೀನಾದ ಗುವೊ ಚಿಂಗ್‌ಳನ್ನು ಅವಳ ನೆಲದಲ್ಲೇ ಸೋಲಿಸಿ. ಅಷ್ಟರಲ್ಲಿ ಗಾಯಗಳೂ ಜೊತೆಯಾಗಿದ್ದವು. ಪ್ಯಾರಿಸ್ ಒಲಿಂಪಿಕ್ಸೇ ಕೊನೆ ಎಂದು ಆಕೆ ಮೊದಲೇ ಹೇಳಿಬಿಟ್ಟಳು.

2024ರ ಆಗಸ್ಟ್ 7. ಈ ದಿನವೂ ನಿಮಗೆ ನೆನಪಿದೆ, ಮರೆಯಲು ಸಾಧ್ಯವೇ? ಕುಸ್ತಿಯ ಫೈನಲ್ ತಲುಪಿದ್ದ ವಿನೇಶ್ ಫೋಗಟ್ ಬೆಳಿಗ್ಗೆ ತೂಕ ನೋಡಿದಾಗ 50 ಕಿಲೋಗಿಂತ 100 ಗ್ರಾಂ ಹೆಚ್ಚಿದ್ದು ಅನರ್ಹಗೊಂಡ ದಿನ. ನಮ್ಮ ಮನೆಗಳಲ್ಲೆಲ್ಲ ಸೂತಕದ ಮೌನ. ಅದೇ ರಾತ್ರಿ 49 ಕಿಲೋ ವೇಟ್‌ಲಿಫ್ಟಿಂಗ್. ಮೀರಾಬಾಯಿ ಒಟ್ಟು 199 ಕಿಲೋ ಎತ್ತಿ ನಾಲ್ಕನೆಯವಳಾದಳು. 200 ಎತ್ತಿ ಕಂಚನ್ನು ಕೊಂಡೊಯ್ದವಳು ಥಾಯ್ಲೆಂಡಿನ ಸುರೋಚನಾ ಖಂಬಾವ್. ಟೋಕಿಯೋದಲ್ಲಿ ಬಾಗಿಲು ಮುಚ್ಚಿಸಿಕೊಂಡಿದ್ದ ದೇಶ ಪ್ಯಾರಿಸ್‌ನಲ್ಲಿ ಒಂದು ಕಿಲೋದಿಂದ ನಮ್ಮನ್ನು ದಾಟಿತು.

ಅತ್ತ ಗ್ರ್ಯಾಂಡ್ ಪ್ಯಾಲೆಯ ಗಾಜಿನ ಚಾವಣಿಯ ಕೆಳಗೆ ಟೇಕ್ವಾಂಡೋ ನಡೆಯುತ್ತಿತ್ತು. ಕುಸ್ತಿಯಲ್ಲಿ ಪಂದ್ಯ ಎರಡು ದಿನ ಹರಡಿರುತ್ತದೆ, ಎರಡೂ ಬೆಳಿಗ್ಗೆ ತೂಕ ನೋಡುತ್ತಾರೆ. ವಿನೇಶ್‌ಗೆ ಮುಳುವಾದದ್ದು ಆ ಎರಡನೆಯ ಬೆಳಿಗ್ಗೆ. ಟೇಕ್ವಾಂಡೋದಲ್ಲಿ ಹಿಂದಿನ ದಿನ ತೂಕ, ಮರುದಿನ ಬೆಳಿಗ್ಗೆಯಿಂದ ರಾತ್ರಿಯವರೆಗೆ ಎಲ್ಲ ಪಂದ್ಯ. ಒಂದೇ ದಿನದಲ್ಲಿ ಚಿನ್ನ, ಅಥವಾ ಮನೆ.

ಫೈನಲ್‌ನಲ್ಲಿ ಮತ್ತೆ ಅದೇ ಗುವೊ ಚಿಂಗ್. ನಿಯಮ ಮತ್ತೊಮ್ಮೆ ಬದಲಾಗಿತ್ತು. ಮೂರೂ ಸುತ್ತಿನ ಅಂಕ ಕೂಡಿಸುವ ಹಳೆಯ ಕ್ರಮ ಹೋಗಿ, ಮೂರರಲ್ಲಿ ಎರಡು ಸುತ್ತು ಗೆದ್ದವರೇ ವಿಜೇತರು ಎಂಬ ಕ್ರಮ ಬಂದಿತ್ತು. ಒಲಿಂಪಿಕ್ಸ್‌ನಲ್ಲಿ ಅದೇ ಮೊದಲು. ಮೊದಲ ಸುತ್ತು ಪಾನಿಪಾಕ್‌ಗೆ, 6–3. ಎರಡನೆಯದು ಗುವೊಗೆ, 3–2. ಕೊನೆಯ ಸುತ್ತಿನಲ್ಲಿ ಈ ಸಲ ಕೊನೆಯ ಸೆಕೆಂಡಿಗೆ ಉಸಿರು ಬಿಗಿಹಿಡಿಯುವ ಪ್ರಸಂಗ ಬರಲಿಲ್ಲ. 6–2. ಮರುದಿನ ಆಕೆಗೆ 27 ತುಂಬಿತು.

ಎರಡು ಒಲಿಂಪಿಕ್ ಚಿನ್ನ ಗೆದ್ದ ಥಾಯ್ಲೆಂಡಿನ ಮೊದಲ ಕ್ರೀಡಾಪಟು ಎಂಬ ದಾಖಲೆ ಪಾನಿಪಾಕ್‌ಳದ್ದು. ಮಹಿಳೆಯರ 49 ಕಿಲೋ ವಿಭಾಗದಲ್ಲಿ ಎರಡು ಬಾರಿ ಚಿನ್ನ ಗೆದ್ದವರು ಇಬ್ಬರೇ, ಒಬ್ಬಳು ವು ಜಿಂಗ್‌ಯು, ಇನ್ನೊಬ್ಬಳು ಈಕೆ. 2004ರಿಂದ 2024ರವರೆಗೆ ನಡೆದ ಆರು ಒಲಿಂಪಿಕ್ಸ್‌ಗಳಲ್ಲಿ ಈ ಒಂದು ವಿಭಾಗದಿಂದ ಥಾಯ್ಲೆಂಡ್ ಬರಿಗೈಯಲ್ಲಿ ಹೋದದ್ದೇ ಇಲ್ಲ. ಆರು ಪದಕ, ಅದರಲ್ಲಿ ಕೊನೆಯ ಮೂರು ಒಬ್ಬಳದ್ದೇ.

ಹೇಳಿದ ಮಾತಿನಂತೆ ಆಕೆ ಒಲಿಂಪಿಕ್ಸ್‌ಗೆ ವಿದಾಯ ಹೇಳಿದಳು. ಮುಂದೇನು ಎಂದು ಕೇಳಿದವರಿಗೆ, ತವರಿನ ಸೂರತ್ ಥಾನಿಯಲ್ಲಿ ಮಕ್ಕಳಿಗೆ ಟೇಕ್ವಾಂಡೋ ಕಲಿಸುವ ಆಸೆಯಿದೆ ಎಂದಳು. 49 ಕಿಲೋ ವಿಭಾಗದಲ್ಲಿ ಈಗ ಬೇರೊಬ್ಬ ಥಾಯ್ ಹುಡುಗಿ ನಿಲ್ಲಬೇಕು. 2028ರ ಲಾಸ್ ಏಂಜಲೀಸ್‌ನಲ್ಲಿ ಅವಳ ಹೆಸರು ನಾವು ಓದಬೇಕಾಗಿ ಬರಬಹುದು. ಅಲ್ಲಿಯವರೆಗೆ 'ವಂಶವರ್ಧನಕೃತ್ಯ' ಎನ್ನುವುದನ್ನು ಥಾಯ್ ಶೈಲಿಯಲ್ಲಿ ನಾಲ್ಕು ಸಲ ಹೇಳಿ ನೋಡಿ. ನಾಲಿಗೆ ತೊಡರಿದರೆ 'ಟೆನಿಸ್' ಎಂದರೂ ಅಲ್ಲಿ ಎಲ್ಲರಿಗೂ ಅರ್ಥವಾಗುತ್ತದೆ.